ಒಂದೇ ಹೆಸರಿನಲ್ಲಿ ಕಾಫಿ ಪುಡಿ, ಊದುಬತ್ತಿ, ಪ್ಲೈವುಡ್, ಹೋಂಸ್ಟೇ: ನೋಟಿಸ್ ಯಾರಿಗೆ ಕೊಡಬೇಕು?

ಪುಡಿ ಅಂಗಡಿ, ಚಿಕ್ಕಮಗಳೂರು

ನಮ್ಮದು ಚಿಕ್ಕಮಗಳೂರು ಪೇಟೆಯಲ್ಲಿ ಕಾಫಿ ಬೀಜ ಹುರಿದು ಪುಡಿ ಮಾಡಿ ಮಾರುವ ಅಂಗಡಿ. ಎಂಬತ್ತರ ದಶಕದಲ್ಲಿ ತಂದೆ ತೆರೆದರು, ಈಗ ನಾನು ನಡೆಸುತ್ತೇನೆ. ಅಂಗಡಿಗೆ ತಂದೆ ಇಟ್ಟದ್ದು ಒಂದು ನದಿಯ ಹೆಸರು. ಯಾವ ನದಿ ಎಂದು ಇಲ್ಲಿ ಬರೆಯುವುದಿಲ್ಲ, ಊರಿನ ಜಗಳ ಊರಿನಲ್ಲೇ ಇರಲಿ. ತುಂಗಾ, ಭದ್ರಾ, ಹೇಮಾವತಿ, ಯಗಚಿ, ವೇದಾವತಿ ಎಲ್ಲವೂ ನಮ್ಮ ಜಿಲ್ಲೆಯಲ್ಲೇ ಹುಟ್ಟುತ್ತವೆ. ನಿಮಗೆ ಇಷ್ಟವಾದದ್ದನ್ನು ಇಟ್ಟುಕೊಂಡು ಓದಿ.

ಆಗ ಆ ಹೆಸರಿನ ಫಲಕ ಊರಿನಲ್ಲಿ ನಮ್ಮದೊಂದೇ ಇತ್ತು. ಈಗ ಬೈಪಾಸ್ ಹತ್ತಿರ ಅದೇ ಹೆಸರಿನ ಪ್ಲೈವುಡ್ ಅಂಗಡಿ ಇದೆ. ಡ್ರೈವಿಂಗ್ ಶಾಲೆ ಇದೆ. ಮೂಡಿಗೆರೆ ರಸ್ತೆಯಲ್ಲಿ ಹೋಂಸ್ಟೇ ಇದೆ. ಹೊರಗಿನಿಂದ ಬರುವ ಊದುಬತ್ತಿಯೂ ಇದೆ. ಇವರಲ್ಲಿ ಯಾರೂ ನಮಗೆ ನೆಂಟರಲ್ಲ, ಪಾಲುದಾರರಲ್ಲ. ಆದರೂ ಪ್ಲೈವುಡ್‌ನವರಿಗೆ ಬಂದ ಕೊರಿಯರ್‌ಗೆ ನಮ್ಮ ಹುಡುಗ ಸಹಿ ಹಾಕುತ್ತಾನೆ. ರಾತ್ರಿ ಮಲಗುವ ಹೊತ್ತಿಗೆ ಬೆಂಗಳೂರಿನಿಂದ ಯಾರೋ ಕರೆ ಮಾಡಿ, ಶನಿವಾರ ನಾಲ್ಕು ಜನರಿಗೆ ಕೋಣೆ ಸಿಗುತ್ತದೆಯೇ, ಬೆಂಕಿ ಹಾಕಿಕೊಡುತ್ತೀರಾ ಎಂದು ಕೇಳುತ್ತಾರೆ. ಗೂಗಲ್ ನಕ್ಷೆಯಲ್ಲಿ ನಮ್ಮ ಅಂಗಡಿಯ ಕೆಳಗೆ ಒಬ್ಬರು ಒಂದೇ ನಕ್ಷತ್ರ ಕೊಟ್ಟು, ಸ್ನಾನಕ್ಕೆ ಬಿಸಿನೀರು ಬರಲಿಲ್ಲ ಎಂದು ಬರೆದಿದ್ದಾರೆ. ಕಾಫಿ ಅಂಗಡಿಯಲ್ಲಿ!

ಇದನ್ನೆಲ್ಲ ನಕ್ಕು ಮರೆಯಬಹುದು. ನನಗೆ ಸಿಟ್ಟು ಬರಿಸಿರುವುದು ಊದುಬತ್ತಿ. ಕಡೂರು, ತರೀಕೆರೆ ಕಡೆಯ ಕಿರಾಣಿ ಅಂಗಡಿಗಳಲ್ಲಿ ನಮ್ಮ ಕಾಲು ಕಿಲೋ ಪೊಟ್ಟಣವನ್ನೂ ಆ ಬತ್ತಿಯ ಕಟ್ಟನ್ನೂ ಒಂದೇ ಕಪಾಟಿನಲ್ಲಿ, ಒಂದೇ ಹೆಸರಿನ ಮಾಲು ಎಂದು ಜೋಡಿಸಿ ಇಡುತ್ತಾರೆ. ಹೋದ ತಿಂಗಳು ಒಬ್ಬರು ಪೊಟ್ಟಣ ಹಿಂದಕ್ಕೆ ತಂದರು. ಬಿಚ್ಚಿ ಮೂಸಿದರೆ ಡಿಕಾಕ್ಷನ್ ವಾಸನೆಗಿಂತ ಮೊದಲು ಗಂಧದ ವಾಸನೆ ಹೊಡೆಯುತ್ತಿತ್ತು. "ಎರಡೂ ನಿಮ್ಮದೇ ಕಂಪನಿ ತಾನೇ, ಗೋದಾಮಿನಲ್ಲಿ ಬೇರೆ ಬೇರೆ ಇಡಬಾರದೇ" ಎಂದು ಬುದ್ಧಿ ಹೇಳಿ ಹೋದರು.

ಹೋಂಸ್ಟೇಯವರ ಮೇಲೆ ನನ್ನ ದೂರಿಲ್ಲ. ಅವರು ನಮ್ಮಿಂದಲೇ ಪುಡಿ ಒಯ್ಯುತ್ತಾರೆ. ಕಂದು ಕಾಗದದ ಚೀಲಕ್ಕೆ ತುಂಬಿ, ಅತಿಥಿಗಳು ಹೊರಡುವಾಗ ಮಾರುತ್ತಾರೆ. ಹಣ ಕೇಳುವ ಮೊದಲೇ ಕೊಡುತ್ತಾರೆ.

ನಮಗೆ ಜಿಎಸ್‌ಟಿ ಇದೆ, ನಗರಸಭೆಯ ವ್ಯಾಪಾರ ಪರವಾನಗಿ ಇದೆ, ಆಹಾರ ಪರವಾನಗಿ ಇದೆ. ಎಲ್ಲದರಲ್ಲೂ ಇದೇ ಹೆಸರು. ಇಷ್ಟು ಸಾಕಲ್ಲವೇ? ಊದುಬತ್ತಿಯವರಿಗೆ ನೋಟಿಸ್ ಕೊಟ್ಟರೆ ನಿಲ್ಲುತ್ತದೆಯೇ?

ಬೇಲೂರು ರಸ್ತೆ, ಹಾಸನ

ನಿಲ್ಲುವುದಿಲ್ಲ, ಸುಮ್ಮನೆ ವಕೀಲರ ಶುಲ್ಕ ದಂಡ. ಹೆಸರು ಯಾರ ಮನೆಯ ಸ್ವತ್ತೂ ಅಲ್ಲ. ಅಡುಗೆಮನೆಯಲ್ಲಿ ಕೂಗುವ ಕುಕ್ಕರ್ ಪ್ರೆಸ್ಟೀಜ್, ಬೆಂಗಳೂರಿನಲ್ಲಿ ನನ್ನ ಮಗ ಬಾಡಿಗೆಗಿರುವ ಅಪಾರ್ಟ್‌ಮೆಂಟ್ ಪ್ರೆಸ್ಟೀಜ್. ಒಬ್ಬರಿಗೊಬ್ಬರು ಸಂಬಂಧವಿಲ್ಲ. ಗೋಡೆಯೊಳಗಿನ ಪೈಪೂ ಆಶೀರ್ವಾದ್, ಡಬ್ಬಿಯೊಳಗಿನ ಗೋಧಿ ಹಿಟ್ಟೂ ಆಶೀರ್ವಾದ್. ಪೋಲೋ ಎಂದರೆ ಕಾರು, ನಡುವೆ ತೂತಿರುವ ಪೆಪ್ಪರ್‌ಮಿಂಟ್, ದುಬಾರಿ ಅಂಗಿ, ಮೂರೂ. ಪೈಪಿನಲ್ಲಿ ಹಿಟ್ಟು ಬರುತ್ತದೆ ಎಂದು ಯಾರಾದರೂ ತಿಳಿದಿದ್ದಾರೆಯೇ?

ನಮ್ಮ ಹಾಸನಕ್ಕೆ ಬಂದು ನೋಡಿ. ಹೊಯ್ಸಳ ಎಂಬ ಹೆಸರನ್ನು ತೆಗೆದುಹಾಕಿದರೆ ಅರ್ಧ ಊರಿನ ಫಲಕಗಳು ಖಾಲಿಯಾಗುತ್ತವೆ. ಬೆಂಗಳೂರಿನ ಪೊಲೀಸರ ಗಸ್ತು ವಾಹನಕ್ಕೂ ಅದೇ ಹೆಸರು. ವಿಷ್ಣುವರ್ಧನ ಮಹಾರಾಜರು ಯಾರಿಗೂ ನೋಟಿಸ್ ಕೊಟ್ಟಿಲ್ಲ.

ಮುದ್ರಣಾಲಯದ ಮೂಲೆ, ಹಾಸನ

ಬೇಲೂರು ರಸ್ತೆಯವರು ಹೇಳಿದ್ದು ಅರ್ಧ ಸರಿ. ಉಳಿದರ್ಧದಲ್ಲೇ ನಿಮ್ಮ ಅಂಗಡಿ ಇದೆ.

ನಾನು ತಲೆ ನರೆಯುವಷ್ಟು ಕಾಲದಿಂದ ಲೇಬಲ್, ಬಿಲ್ ಪುಸ್ತಕ, ಪೊಟ್ಟಣದ ಚೀಟಿ ಮುದ್ರಿಸುತ್ತಿದ್ದೇನೆ. ಒಂದೇ ವಾರದಲ್ಲಿ ಒಂದೇ ದೇವರ ಹೆಸರು ಹಪ್ಪಳಕ್ಕೂ ಹಾರ್ಡ್‌ವೇರ್ ಅಂಗಡಿಗೂ ಟೆಂಪೊ ಬಾಡಿಗೆಗೂ ನಮ್ಮ ಯಂತ್ರದಿಂದ ಹೊರಬಿದ್ದಿದೆ. ಒಬ್ಬರೂ ಜಗಳ ಆಡಿಲ್ಲ. ಜಗಳ ಎದ್ದದ್ದು ಯಾವಾಗ ಎಂದರೆ, ಹಪ್ಪಳದವರು ಒಬ್ಬರಿದ್ದ ಕಡೆ ಅದೇ ಹೆಸರಿನಲ್ಲಿ ಸಂಡಿಗೆಯವರು ಬಂದಾಗ.

ನಂದಿನಿಯ ವ್ಯಾಜ್ಯ ನಿಮಗೆ ಗೊತ್ತಿರಬಹುದು. ನಮ್ಮ ಹಾಸನದ ಡೇರಿಯಿಂದ ಬೆಳಿಗ್ಗೆ ಹೊರಡುವ ಹಾಲಿನ ಪೊಟ್ಟಣದ ಮೇಲಿರುವ ಅದೇ ನಂದಿನಿ. ಹಾಲು ಮಹಾಮಂಡಳಿ ಆ ಹೆಸರನ್ನು ಬಳಸುತ್ತಿರುವುದು 1985ರಿಂದ. ಬೆಂಗಳೂರಿನಲ್ಲಿ ಆಂಧ್ರ ಊಟದ ಹೋಟೆಲಿನವರು ಅದೇ ಹೆಸರಿಗೆ ಡೀಲಕ್ಸ್ ಸೇರಿಸಿ 1989ರಿಂದ ನಡೆಸುತ್ತಿದ್ದರು. ಹೋಟೆಲಿನವರು ತಮ್ಮ ಗುರುತನ್ನು, ಅಂದರೆ ಟ್ರೇಡ್ ಮಾರ್ಕನ್ನು, ನೋಂದಾಯಿಸಲು ಹೋದಾಗ ಮಹಾಮಂಡಳಿ ವಿರೋಧಿಸಿತು. ನೋಂದಣಿ ಕಚೇರಿ ಹೋಟೆಲಿನವರ ಪರ ನಿಂತಿತು, ಆದರೆ ಮೇಲ್ಮನವಿಯಲ್ಲೂ ಹೈಕೋರ್ಟಿನಲ್ಲೂ ಮಹಾಮಂಡಳಿಯೇ ಗೆದ್ದಿತು. 2018ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಿರುಗಿಸಿ, ಹೋಟೆಲಿನವರಿಗೆ ನೋಂದಣಿ ಕೊಡಬಹುದು ಎಂದಿತು. ಒಂದರ ಚಿತ್ರದಲ್ಲಿ ಹಸು, ಇನ್ನೊಂದರಲ್ಲಿ ದೀಪ. ಒಂದು ಹಾಲು, ಇನ್ನೊಂದು ಊಟ. ಸಾಮಾನ್ಯ ಗ್ರಾಹಕ ಗೊಂದಲಗೊಳ್ಳುವುದಿಲ್ಲ ಎಂಬುದು ಅದರ ಸಾರ. ಆದರೆ ಹಾಲು ಮತ್ತು ಹಾಲಿನ ಪದಾರ್ಥಗಳಿಗೆ ಮಾತ್ರ ಹೋಟೆಲಿನವರಿಗೆ ಆ ಹೆಸರು ಇಲ್ಲ. ಈ ಕೊನೆಯ ವಾಕ್ಯವನ್ನು ಎರಡು ಸಲ ಓದಿ.

ಈಗ ನಿಮ್ಮ ಊದುಬತ್ತಿ. ಅದು ಪಕ್ಕದಲ್ಲಿದ್ದರೆ ಪುಡಿ ಗಂಧ ಹೀರುತ್ತದೆ, ಸಾಬೂನು ಇದ್ದರೆ ಸಾಬೂನು ಹೀರುತ್ತದೆ. ಆ ಬತ್ತಿಗೆ ಬೇರೆ ಹೆಸರಿದ್ದರೂ ನಿಮ್ಮ ಪೊಟ್ಟಣ ಗಂಧ ನಾರುತ್ತಿತ್ತು. ನೀವು ಈಗಲೂ ಒಂದೇ ಪದರದ ಪ್ಲಾಸ್ಟಿಕ್ಕಿನಲ್ಲಿ ತುಂಬುತ್ತಿದ್ದೀರಿ ಎಂದು ಊಹಿಸುತ್ತೇನೆ. ಒಳಗೆ ಅಲ್ಯೂಮಿನಿಯಂ ಹಾಳೆ ಇರುವ ಪೊಟ್ಟಣಕ್ಕೆ ಹೋಗಿ. ಖರ್ಚು ಸ್ವಲ್ಪ ಹೆಚ್ಚು, ಆದರೆ ನೋಟಿಸಿಗಿಂತ ಅಗ್ಗ, ಪುಡಿಯ ಘಮವೂ ಉಳಿಯುತ್ತದೆ. ಕಿರಾಣಿಯವರಿಗೆ ಬೇರೆ ಕಪಾಟು ಕೊಡಿ ಎಂದು ಹೇಳಿ ಬನ್ನಿ.

ನನ್ನ ಕಣ್ಣು ನಿಂತದ್ದು ಹೋಂಸ್ಟೇಯ ಮೇಲೆ. ಅದನ್ನು ನೀವು ದೂರಿಲ್ಲ ಎಂದು ಎರಡು ಸಾಲಿನಲ್ಲಿ ದಾಟಿಸಿಬಿಟ್ಟಿದ್ದೀರಿ. ಕೋಣೆ ಬಾಡಿಗೆಗೆ ಕೊಡುವವರು ನದಿಯ ಹೆಸರಿಟ್ಟುಕೊಂಡರೆ ನಿಮಗೇನೂ ನಷ್ಟವಿಲ್ಲ, ಬಿಸಿನೀರಿನ ದೂರು ಬರುತ್ತದೆ ಅಷ್ಟೇ. ಆದರೆ ಅವರು ನಿಮ್ಮದೇ ಪುಡಿಯನ್ನು, ನಿಮ್ಮದೇ ಹೆಸರಿನಲ್ಲಿ, ತಮ್ಮ ಚೀಲದಲ್ಲಿ ಮಾರುತ್ತಿದ್ದಾರೆ. ಅದನ್ನು ಕೊಂಡ ಬೆಂಗಳೂರಿನವರಿಗೆ ಆ ನದಿಯ ಹೆಸರಿನ ಕಾಫಿ ಎಂದರೆ ಹೋಂಸ್ಟೇಯವರ ಕಾಫಿ. ಐದಾರು ವರ್ಷ ಹೀಗೇ ನಡೆದರೆ ಕಾಫಿಗೆ ಈ ಹೆಸರನ್ನು ಬಳಸುತ್ತಿದ್ದೇವೆ ಎಂದು ತೋರಿಸಲು ಅವರ ಬಳಿ ಬಿಲ್ಲು ಇರುತ್ತದೆ, ಚೀಲ ಇರುತ್ತದೆ, ಫೋಟೊ ಇರುತ್ತದೆ. ಒಳಗಿದ್ದದ್ದು ನಿಮ್ಮ ಪುಡಿ ಎಂದು ಯಾವುದು ಹೇಳುತ್ತದೆ?

ಆ ಚೀಲವನ್ನು ಒಮ್ಮೆ ಕೈಯಲ್ಲಿ ಹಿಡಿದು ನೋಡಿ. ಕಾಫಿ ಎಷ್ಟು ಶೇಕಡಾ, ಚಿಕೋರಿ ಎಷ್ಟು ಶೇಕಡಾ ಎಂದು ಬರೆದಿದೆಯೇ? ಮಿಶ್ರಣದಲ್ಲಿ ಕನಿಷ್ಠ 51 ಶೇಕಡಾ ಕಾಫಿ ಇರಬೇಕು, ಪ್ರಮಾಣವನ್ನು ಲೇಬಲ್ ಮೇಲೆ ಹೇಳಲೇಬೇಕು. ತಯಾರಿಸಿದವರ ಅಥವಾ ಪ್ಯಾಕ್ ಮಾಡಿದವರ ಹೆಸರು, ವಿಳಾಸ, 14 ಅಂಕಿಯ ಆಹಾರ ಪರವಾನಗಿ ಸಂಖ್ಯೆ ಇರಬೇಕು. ಅಲ್ಲಿ ಯಾರ ಸಂಖ್ಯೆ ಇದೆ? ನಿಮ್ಮದಿದ್ದರೆ ಒಂದು ತೊಂದರೆ, ಅವರದಿದ್ದರೆ ಇನ್ನೊಂದು, ಯಾವುದೂ ಇಲ್ಲದಿದ್ದರೆ ಮೂರನೆಯದು.

ಹಣ ಕೇಳುವ ಮೊದಲೇ ಕೊಡುತ್ತಾರೆ ಎಂದು ಸುಮ್ಮನಿದ್ದೀರಿ. ಅಕ್ಕಿ ಮೇಲೆ ಆಸೆ, ನೆಂಟರ ಮೇಲೆ ಪ್ರೀತಿ.

ಗಿರಿಶ್ರೇಣಿ, ಚಿಕ್ಕಮಗಳೂರು

ಇಷ್ಟೆಲ್ಲ ಯಾಕೆ? ಹೆಸರಿನ ಪಕ್ಕದಲ್ಲಿ ವೃತ್ತದೊಳಗೆ ಆರ್ ಅಕ್ಷರ ಹಾಕಿಸಿಬಿಡಿ. ನೋಡಿದವರು ತಾವೇ ಹೆದರುತ್ತಾರೆ.

ಕರಿ ಕೋಟು ಕಳಚಿದವನು, ಹಾಸನ

ಗಿರಿಶ್ರೇಣಿಯವರ ಸಲಹೆಯನ್ನು ದಯವಿಟ್ಟು ಪಾಲಿಸಬೇಡಿ. ನೋಂದಣಿಯಾಗದ ಗುರುತನ್ನು ನೋಂದಾಯಿತ ಎಂದು ತೋರಿಸುವುದು 1999ರ ಟ್ರೇಡ್ ಮಾರ್ಕ್ಸ್ ಕಾಯ್ದೆಯ 107ನೇ ಕಲಮಿನಡಿ ದಂಡಕ್ಕೆ ಗುರಿಯಾಗುವ ತಪ್ಪು. ಟಿಎಂ ಎಂದು ಹಾಕಿಕೊಳ್ಳಬಹುದು, ಅದಕ್ಕೆ ಅಡ್ಡಿಯಿಲ್ಲ.

ಮೂಲ ಪ್ರಶ್ನೆಗೆ ಬರುತ್ತೇನೆ. ಜಿಎಸ್‌ಟಿ, ವ್ಯಾಪಾರ ಪರವಾನಗಿ, ಆಹಾರ ಪರವಾನಗಿ ಯಾವುದೂ ಹೆಸರಿನ ಮೇಲೆ ಹಕ್ಕು ಕೊಡುವುದಿಲ್ಲ. ಪ್ಲೈವುಡ್‌ನವರ ಬಳಿಯೂ ಅವರ ಜಿಎಸ್‌ಟಿ ಇರುತ್ತದೆ. ಹಕ್ಕು ಬರುವುದು ಎರಡು ದಾರಿಯಲ್ಲಿ: ಗುರುತಿನ ನೋಂದಣಿ, ಅಥವಾ ಮೊದಲಿನಿಂದ ಬಳಸುತ್ತಿರುವುದಕ್ಕೆ ಪುರಾವೆ. 34ನೇ ಕಲಮಿನ ಪ್ರಕಾರ, ಬೇರೆಯವರು ನೋಂದಾಯಿಸಿಕೊಂಡರೂ ಅವರಿಗಿಂತ ಮೊದಲಿನಿಂದ ನಿರಂತರವಾಗಿ ಬಳಸುತ್ತಿದ್ದವರನ್ನು ತಡೆಯಲಾಗದು. ಆದರೆ ಅದು ಗುರಾಣಿ ಮಾತ್ರ. ಬೇರೆಯವರನ್ನು ನಿಲ್ಲಿಸಲು ನೋಂದಣಿ ಕೈಯಲ್ಲಿದ್ದರೆ ಕೆಲಸ ಹಗುರ.

ನೋಂದಣಿಗೆ ಸರಕು ಮತ್ತು ಸೇವೆಗಳನ್ನು 45 ವರ್ಗಗಳಾಗಿ ಹಂಚಿದ್ದಾರೆ. ಕಾಫಿ ಪುಡಿ 30ನೆಯದು. ಊದುಬತ್ತಿ 3, ಪ್ಲೈವುಡ್ 19, ಊಟ ಮತ್ತು ವಸತಿ 43. ಬೇರೆ ವರ್ಗವಾದರೆ ಸುರಕ್ಷಿತ, ಒಂದೇ ವರ್ಗವಾದರೆ ಅಪಾಯ ಎಂದು ಹಲವರು ತಿಳಿದಿದ್ದಾರೆ. ಹಾಗಿಲ್ಲ. ವರ್ಗ ಎನ್ನುವುದು ಕಚೇರಿಯ ಅನುಕೂಲಕ್ಕೆ ಮಾಡಿಕೊಂಡ ಕಪಾಟು. ಚಾರ್‌ಮಿನಾರ್ ಸಿಗರೇಟಿನವರು ಇಡೀ ತಂಬಾಕು ವರ್ಗವನ್ನೇ ತಮ್ಮ ಹೆಸರಿಗೆ ಬರೆಸಿಕೊಂಡಿದ್ದರು. ಸಿಗರೇಟು ಮಾತ್ರ ಮಾಡುವವರು ಜರ್ದಾ ಮಾರುವವನ ದಾರಿಗೆ ಅಡ್ಡ ಬರುವಂತಿಲ್ಲ ಎಂದು 1996ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ. ಇನ್ನೊಂದು ಕಡೆ, ವರ್ಗ ಬೇರೆಯಾದರೂ ಕೊಳ್ಳುವವರು ಒಬ್ಬರೇ, ಮಾರುವ ಜಾಗ ಒಂದೇ ಆದರೆ ಗೊಂದಲ ಹುಟ್ಟುತ್ತದೆ. ಹೋಂಸ್ಟೇ ಮತ್ತು ಕಾಫಿ ಪುಡಿ ಚಿಕ್ಕಮಗಳೂರಿನಲ್ಲಿ ಅಂಥ ಜೋಡಿ. ಮುದ್ರಣಾಲಯದವರು ಸರಿಯಾದ ಜಾಗದಲ್ಲಿ ಬೆರಳಿಟ್ಟಿದ್ದಾರೆ.

ಬೇಲೂರು ರಸ್ತೆಯವರಿಗೆ ಒಂದು ಮಾತು. ಹೆಸರು ಯಾರ ಸ್ವತ್ತೂ ಅಲ್ಲ ಎನ್ನುವುದು ಎಲ್ಲ ಕಡೆ ನಡೆಯುವುದಿಲ್ಲ. ಬೆಂಜ್ ಎಂಬ ಹೆಸರಿನಲ್ಲಿ ಒಳ ಉಡುಪು ಮಾರಲು ಹೊರಟವರನ್ನು ದೆಹಲಿ ಹೈಕೋರ್ಟು ತೊಂಬತ್ತರ ದಶಕದಲ್ಲೇ ತಡೆದಿದೆ. ಕಾರಿಗೂ ಚಡ್ಡಿಗೂ ಯಾವ ಗೊಂದಲವೂ ಇರಲಿಲ್ಲ. ಅಷ್ಟು ಪ್ರಸಿದ್ಧವಾದ ಹೆಸರಿನ ಪುಕ್ಕಟೆ ಲಾಭ ಪಡೆಯಬಾರದು ಎಂಬುದೇ ಕಾರಣ. ಈಗಿನ ಕಾಯ್ದೆಯಲ್ಲಿ ಅದಕ್ಕೆ 29(4) ಎಂಬ ಕಲಮೇ ಇದೆ. ಆದರೆ ಜಿಲ್ಲೆಯ ಒಂದು ಪುಡಿ ಅಂಗಡಿ ಆ ಕಲಮನ್ನು ಹಿಡಿದು ಊದುಬತ್ತಿಯವರನ್ನು ಎಳೆಯಲು ಆಗುವುದಿಲ್ಲ, ಬೇಸರ ಮಾಡಿಕೊಳ್ಳಬೇಡಿ.

ಇನ್ನೊಂದು ತೊಡಕು. ನಿಮ್ಮ ಹೆಸರು ನದಿಯದ್ದು. ಸರಕಿನ ಊರು, ಮೂಲ ಸೂಚಿಸುವ ಪದ ಎಂದು 9ನೇ ಕಲಮಿನಡಿ ಪರೀಕ್ಷಕರು ಆಕ್ಷೇಪಿಸಬಹುದು. ಅದಕ್ಕೆ ಉತ್ತರ ದೀರ್ಘ ಕಾಲದ ಬಳಕೆ. ಹೆಸರು ಕೇಳಿದೊಡನೆ ಜನರಿಗೆ ನಿಮ್ಮ ಪುಡಿ ನೆನಪಾಗುತ್ತದೆ ಎಂದು ಹಳೆಯ ಕಾಗದಗಳಿಂದ ತೋರಿಸಬೇಕು. ಲೇಬಲ್ ಮೇಲೆ ಚಿಕ್ಕಮಗಳೂರು ಅರೇಬಿಕಾ, ಬಾಬಾಬುಡನ್‌ಗಿರಿ ಅರೇಬಿಕಾ ಎಂದೇನಾದರೂ ಇದ್ದರೆ ಅದನ್ನು ಅರ್ಜಿಯಿಂದ ಹೊರಗಿಡಿ. 2019ರಿಂದ ಅವಕ್ಕೆ ಭೌಗೋಳಿಕ ಸೂಚಕದ ಮಾನ್ಯತೆ ಇದೆ, ಒಬ್ಬರ ಹೆಸರಿಗೆ ಸಿಗುವುದಿಲ್ಲ.

ಕರ್ನಾಟಕದ ಅರ್ಜಿಗಳು ಚೆನ್ನೈ ಕಚೇರಿಯ ವ್ಯಾಪ್ತಿಗೆ ಬರುತ್ತವೆ. ಆನ್‌ಲೈನ್‌ನಲ್ಲಿ ಸಲ್ಲಿಸಿದರೆ ವ್ಯಕ್ತಿಗೆ, ಸಣ್ಣ ಉದ್ದಿಮೆಗೆ ಒಂದು ವರ್ಗಕ್ಕೆ 4,500 ರೂಪಾಯಿ. ಸಿಕ್ಕರೆ ಹತ್ತು ವರ್ಷ, ಆಮೇಲೆ ನವೀಕರಣ. ಅದಕ್ಕೂ ಮೊದಲು ಇಂದು ರಾತ್ರಿಯೇ ನೋಂದಣಿ ಕಚೇರಿಯ ಜಾಲತಾಣದಲ್ಲಿ ನಿಮ್ಮ ಹೆಸರನ್ನು 30ನೇ ವರ್ಗದಲ್ಲಿ ಹುಡುಕಿ. ಉಚಿತ.

ಪುಡಿ ಅಂಗಡಿ, ಚಿಕ್ಕಮಗಳೂರು

ಹುಡುಕಿದೆ. ನನಗಿನ್ನೂ ಕೈ ನಡುಗುತ್ತಿದೆ.

ಹೋಂಸ್ಟೇಯವರ ಅರ್ಜಿ ಇದೆ. 43ರಲ್ಲಿ ಒಂದು, 30ರಲ್ಲಿ ಒಂದು. 30ರ ಎದುರು ಕಾಫಿ, ಕಾಫಿ ಪುಡಿ, ಸಂಬಾರ ಪದಾರ್ಥ ಎಂದು ಬರೆದಿದೆ. ಬಳಕೆಯ ದಿನಾಂಕ ಇರಬೇಕಾದ ಕಡೆ "ಮುಂದೆ ಬಳಸಲಿರುವ" ಎಂದಿದೆ. ಸ್ಥಿತಿ: ಅಂಗೀಕರಿಸಿ ಪ್ರಕಟಿಸಲಾಗಿದೆ. ನೋಂದಣಿ ಕಚೇರಿಯ ಹೋದ ತಿಂಗಳ ಜರ್ನಲ್ಲಿನ ಸಂಖ್ಯೆ ಕೊಟ್ಟಿದ್ದಾರೆ. ಮುಂದೆ ಬಳಸಲಿರುವ! ಅವರ ಚೀಲದಲ್ಲಿರುವ ಪುಡಿಯನ್ನು ನಾನೇ ತೂಗಿ ಕೊಟ್ಟಿದ್ದೇನೆ.

ಅವರಿಗೆ ಕರೆ ಮಾಡಿ ಕೇಳಿದೆ. "ನಿಮ್ಮ ವಿರುದ್ಧ ಅಲ್ಲ ಅಕ್ಕ, ನಮ್ಮ ಲೆಕ್ಕಪರಿಶೋಧಕರು ಎಲ್ಲದಕ್ಕೂ ಹಾಕಿಬಿಡಿ ಎಂದರು" ಎಂದು ನಗುತ್ತಲೇ ಹೇಳಿದರು. ಸುಳ್ಳು ಅನ್ನಿಸಲಿಲ್ಲ. ಆದರೆ ಹಿಂದೆಗೆದುಕೊಳ್ಳುತ್ತೀರಾ ಎಂದಾಗ, ನೋಡೋಣ ಎಂದರು. ನಮ್ಮ ಊರಿನಲ್ಲಿ ನೋಡೋಣ ಎಂದರೆ ಏನು ಎಂದು ಬಿಡಿಸಿ ಹೇಳಬೇಕಿಲ್ಲ.

ಅಟ್ಟದ ಪೆಟ್ಟಿಗೆ ಇಳಿಸಿದ್ದೇನೆ. ಕಾಫಿ ಮಂಡಳಿಯ ಹರಾಜಿನಲ್ಲಿ ತಂದೆ ಬೀಜ ಕೊಂಡ ರಸೀದಿಗಳಿವೆ. ಆಗ ಬೆಳೆಗಾರರೆಲ್ಲ ಮಂಡಳಿಗೇ ಕಾಫಿ ಒಪ್ಪಿಸಬೇಕಿತ್ತಲ್ಲ, ನಾವು ಅಲ್ಲಿಂದಲೇ ತರುತ್ತಿದ್ದೆವು. ಹಳೆಯ ಬಿಲ್ ಪುಸ್ತಕದ ಎರಡನೇ ಪ್ರತಿಗಳಿವೆ, ಇಂಗಾಲದ ಹಾಳೆಯ ನೀಲಿ ಮಾಸಿದೆ, ಮೇಲಿನ ಹೆಸರು ಮಾತ್ರ ಅಚ್ಚಾಗಿ ನಿಂತಿದೆ. ಪೊಟ್ಟಣದ ಚೀಟಿಗೆ ಅಚ್ಚು ಹಾಕುತ್ತಿದ್ದ, ಮರದ ಹಿಡಿಗೆ ಮೊಳೆ ಹೊಡೆದು ಕೂಡಿಸಿದ ಸತುವಿನ ಬ್ಲಾಕ್ ಕೂಡ ಸಿಕ್ಕಿತು. ನದಿಯ ಮೂರು ಅಲೆ, ಮೇಲೆ ಒಂದು ಕಾಫಿ ಗೊಂಚಲು. ತಂದೆಯೇ ಬರೆಸಿದ್ದು. ಇದರಲ್ಲಿ ಯಾವುದು ಬೇಕಾಗುತ್ತದೆ?

ಮುದ್ರಣಾಲಯದ ಮೂಲೆ, ಹಾಸನ

ಬಿಲ್ ಪ್ರತಿಗಳು ಮೊದಲು. ಹರಾಜಿನ ರಸೀದಿ ನೀವು ಬೀಜ ಕೊಂಡಿರಿ ಎಂದು ಹೇಳುತ್ತದೆ, ಯಾವ ಹೆಸರಿನಲ್ಲಿ ಮಾರಿದಿರಿ ಎಂದು ಹೇಳುವುದಿಲ್ಲ. ಬಿಲ್ಲಿನಲ್ಲಿ ಹೆಸರು, ದಿನಾಂಕ, ಸರಕು ಮೂರೂ ಒಟ್ಟಿಗೆ ಇರುತ್ತವೆ. ವರ್ಷಕ್ಕೊಂದಾದರೂ ಸಿಗುವಂತೆ ಜೋಡಿಸಿ, ನಡುವೆ ದೊಡ್ಡ ಅಂತರ ಬಿಡಬೇಡಿ. ಬ್ಲಾಕ್ ಮೇಲೆ ದಿನಾಂಕ ಇರುವುದಿಲ್ಲ, ಆದರೆ ಅದನ್ನು ಮಾಡಿಕೊಟ್ಟವರ ಬಿಲ್ಲೋ, ಚೀಟಿ ಅಚ್ಚು ಹಾಕಿದ ಪ್ರೆಸ್ಸಿನ ಬಿಲ್ಲೋ ಸಿಕ್ಕರೆ ಅದಕ್ಕೆ ತೂಕ ಬರುತ್ತದೆ. ಆ ಕಾಲದಲ್ಲಿ ಬಿಲ್ ಪುಸ್ತಕದ ಕೆಳಗಂಚಿನಲ್ಲಿ ಸಣ್ಣ ಅಕ್ಷರದಲ್ಲಿ ಪ್ರೆಸ್ಸಿನ ಹೆಸರು, ಪುಸ್ತಕದ ಸಂಖ್ಯೆ, ಇಸವಿ ಹಾಕುತ್ತಿದ್ದೆವು. ಭೂತಗನ್ನಡಿ ಹಿಡಿದು ನೋಡಿ.

ಬ್ಲಾಕಿಗೆ ಸೀಮೆಎಣ್ಣೆ ಹಾಕಿ ಉಜ್ಜಬೇಡಿ, ಹಾಗೇ ಇರಲಿ.

ಕರಿ ಕೋಟು ಕಳಚಿದವನು, ಹಾಸನ

ಹೋದ ತಿಂಗಳು ಪ್ರಕಟವಾಗಿದ್ದರೆ ನಿಮಗೆ ಸಮಯವಿದೆ. ಪ್ರಕಟವಾದ ದಿನದಿಂದ ನಾಲ್ಕು ತಿಂಗಳೊಳಗೆ ವಿರೋಧ ಸಲ್ಲಿಸಬೇಕು. ಒಂದು ದಿನವೂ ವಿಸ್ತರಣೆ ಇಲ್ಲ, ಆದ್ದರಿಂದ ನೋಡೋಣ ಎಂದವರನ್ನು ನಂಬಿ ಕೂರಬೇಡಿ. ಟಿಎಂ-ಓ ನಮೂನೆ, ಆನ್‌ಲೈನ್ ಶುಲ್ಕ ಒಂದು ವರ್ಗಕ್ಕೆ 2,700 ರೂಪಾಯಿ. ನಿಮ್ಮ ವಿರೋಧದ ಪ್ರತಿ ತಲುಪಿದ ಮೇಲೆ ಅವರು ಎರಡು ತಿಂಗಳಲ್ಲಿ ಪ್ರತಿಹೇಳಿಕೆ ಕೊಡಬೇಕು, ಕೊಡದಿದ್ದರೆ ಅರ್ಜಿಯನ್ನು ಕೈಬಿಟ್ಟಂತೆ. ಲೆಕ್ಕಪರಿಶೋಧಕರ ಮಾತಿಗೆ ಹಾಕಿದ ಅರ್ಜಿಗಳು ಎಷ್ಟೋ ಸಲ ಇಲ್ಲೇ ಮುಗಿಯುತ್ತವೆ.

30ಕ್ಕೆ ಮಾತ್ರ ವಿರೋಧಿಸಿ. 43 ಅವರಿಗೇ ಇರಲಿ. ಅದನ್ನೂ ಕೆದಕಿದರೆ ನಿಮ್ಮ ವಾದ ದುರ್ಬಲವಾಗುತ್ತದೆ, ವಿನಾಕಾರಣ ದ್ವೇಷವೂ ಬೆಳೆಯುತ್ತದೆ. ಜೊತೆಗೆ ನಿಮ್ಮದೇ ಅರ್ಜಿಯನ್ನೂ 30ರಲ್ಲಿ ಹಾಕಿ, ಬಳಕೆಯ ದಿನಾಂಕವನ್ನು ಅತ್ಯಂತ ಹಳೆಯ ಬಿಲ್ಲಿನಿಂದ ತೆಗೆದುಕೊಳ್ಳಿ, ಅಫಿಡವಿಟ್‌ನೊಂದಿಗೆ. ಪದಕ್ಕೊಂದು, ಆ ಅಲೆ ಮತ್ತು ಗೊಂಚಲಿನ ಚಿತ್ರಕ್ಕೊಂದು, ಎರಡು ಅರ್ಜಿ ಹಾಕಿದರೆ ಒಳ್ಳೆಯದು. ಪದಕ್ಕೆ ಆಕ್ಷೇಪ ಬಂದರೂ ಚಿತ್ರ ದಾಟುವ ಸಾಧ್ಯತೆ ಹೆಚ್ಚು.

ಬೇಲೂರು ರಸ್ತೆ, ಹಾಸನ

ಅಂದರೆ ಪ್ಲೈವುಡ್, ಊದುಬತ್ತಿ, ಡ್ರೈವಿಂಗ್ ಶಾಲೆ ಮೂವರೂ ನಿರಪರಾಧಿಗಳು. ನಾನು ಹೇಳಿದ್ದೂ ಅದನ್ನೇ ಎಂದು ದಾಖಲಿಸಿಕೊಳ್ಳಿ.

ಪುಡಿ ಅಂಗಡಿ, ಚಿಕ್ಕಮಗಳೂರು

ದಾಖಲಾಯಿತು. ಡ್ರೈವಿಂಗ್ ಶಾಲೆಯವರ ಕಾರು ಮಾತ್ರ ದಿನವೂ ನಮ್ಮ ಬಾಗಿಲಿಗೆ ಅಡ್ಡ ನಿಲ್ಲುತ್ತದೆ, ಅದಕ್ಕೆ ಯಾವ ಕಲಮು ಎಂದು ಆಮೇಲೆ ಕೇಳುತ್ತೇನೆ.

ವಿರೋಧ ಸಲ್ಲಿಸಲು ಬೆಂಗಳೂರಿನ ಒಬ್ಬರು ಒಪ್ಪಿದ್ದಾರೆ, ಸೋಮವಾರ ಕಾಗದಗಳೊಂದಿಗೆ ಹೋಗುತ್ತೇನೆ. ಬಿಲ್ ಪುಸ್ತಕದ ಕೆಳಗಂಚಿನಲ್ಲಿ ಪ್ರೆಸ್ಸಿನ ಹೆಸರು ಮತ್ತು 86 ಎಂಬ ಅಂಕಿ ಕಾಣಿಸಿತು. ಈಗ ಒಂದೇ ಸಂದೇಹ. ಹೋಂಸ್ಟೇಯಿಂದ ಇಂದು ಬೆಳಿಗ್ಗೆ ಎಂದಿನಂತೆ ಪುಡಿಗೆ ಬೇಡಿಕೆ ಬಂದಿದೆ. ಎಂಬತ್ತು ಇಪ್ಪತ್ತರ ಮಿಶ್ರಣ, ಹತ್ತು ಕಿಲೋ. ಕೊಡಬೇಕೋ, ಇಲ್ಲ ಎನ್ನಬೇಕೋ?

ಮುದ್ರಣಾಲಯದ ಮೂಲೆ, ಹಾಸನ

ಕೊಡಿ. ಆದರೆ ಸಡಿಲವಾಗಿ ತೂಗಿ ಕೊಡಬೇಡಿ. ನಿಮ್ಮ ಲೇಬಲ್ ಅಂಟಿಸಿದ ಕಾಲು ಕಿಲೋ ಪೊಟ್ಟಣಗಳಲ್ಲೇ ಕೊಡಿ, ನಲವತ್ತು ಪೊಟ್ಟಣ. ಬಿಲ್ಲಿನಲ್ಲಿ ಬರೀ "ಕಾಫಿ ಪುಡಿ" ಎಂದು ಬರೆಯದೆ ಹೆಸರು ಸಮೇತ ಬರೆಯಿರಿ, ಪಡೆದವರ ಸಹಿ ಹಾಕಿಸಿಕೊಂಡು ಪ್ರತಿಯನ್ನು ಸೋಮವಾರದ ಕಡತಕ್ಕೆ ಸೇರಿಸಿ.